ನೀರಿನ ಕ್ಲಾಂಪು

ನನ್ನ ಹಳೇ ಕಾರಿನ ಸೈಲೆನ್ಸರ್ ಪೈಪಿನ ಕ್ಲಾಂಪು ಮುರದಿತ್ತು. ಹೊಲದ ಪಂಪಸೆಟ್ಟಿನ ಪೈಪಿಗೆ ಹಾಕೂ ಕ್ಲಾಂಪು ಮನ್ಯಾಗ ಬಿದ್ದಿತ್ತು. ಅಳತಿ ಕೂಡಿತು, ನಾನೇ ಬಿಗದೆ, ರಾಮದುರ್ಗದಿಂದ ಅಕ್ಕನ್ನ ಕರಕೊಂಡು ಹೊಂಟೆ. ಧೂಳು ಅಂತ ಕಿಟಕಿ ಎಲ್ಲಾ ಏರಿಸಿದ್ವಿ. ಹಿಂದಿನ ಸೀಟಿನ್ಯಾಗ ಕುಂತು ನನ್ನ ಡ್ರೈವಿಂಗಿಗೆ ಒಂದೇ ಸವನ ಹೆಸರಿಟ್ಟು ಬೈಯಾಕತ್ತಿದ್ದ ಅಕ್ಕ, ಸಿರಸಂಗಿ ದಾಟಿದ ಮ್ಯಾಲ ಸುಮ್ಮನಾದ್ಲು. ನನಗೂ ತಲಿ ನೋಯಾಕತ್ತಿತ್ತು. ಪುಣ್ಯಾ, ಮಲಗಿದ್ಲು ಅನಕೊಂಡೆ.

ಸವದತ್ತಿ ಹತ್ತಿರ ಕಾರು ಗುಡುಗಾಕತ್ತಿತು. ಗ್ಯಾರೇಜ್ ಕಂಡು ನಿಲ್ಲಿಸಿದೆ. ಕೆಳಗ ಬಗ್ಗಿ ನೋಡಿದ ಮಿಸ್ತ್ರಿ ತಟ್ಟನೆ ಎದ್ದು ಹಿಂದಿನ ಸೀಟು ನೋಡಿದ.

"ಅಕ್ಕಾರು ಮಲಗಿ ಎಷ್ಟೊತ್ತಾತ್ರಿ?"

"ಸಿರಸಂಗಿ ದಾಟಿದಾಗಿಂದ," ಅಂದೆ.

"ಮೊದಲ ಹೊರಗ ತಗೀರಿ! ಸೈಲೆನ್ಸರ್ ಹೊಗಿ ಒಳಗ ಹೊಕ್ಕೈತಿ!"

ಅಲುಗಾಡಿಸಿದೆ. ಅಕ್ಕನ ತಲಿ ಹೆಗಲ ಮ್ಯಾಲ ವಾಲಿತು. ಇಬ್ಬರೂ ಸೇರಿ ಎತ್ತಿ ಬೇವಿನ ನೆರಳಿಗೆ ತಂದ್ವಿ. ಎಷ್ಟೋ ಹೊತ್ತಿನ ಮ್ಯಾಲ ಕಣ್ಣು ತೆರದು, "ಸಾವಕಾಶ ಹೊಡಿಯೋ," ಅಂದ್ಲು. ನಾನು ಅಲ್ಲೇ ಕುಂತು ಅತ್ತೆ.

"ಇದು ನೀರಿನ ಕ್ಲಾಂಪ್ರಿ, ಕಾವಿಗೆ ಸಡ್ಲ ಆಗತೈತಿ," ಅಂತ ಮಿಸ್ತ್ರಿ ದಪ್ಪನ್ನ ಉಕ್ಕಿನ ಕ್ಲಾಂಪು ಬಿಗದ.

ಈಗ ಕಾರಿನ್ಯಾಗ ಅಕ್ಕ ಎಷ್ಟು ಬೈದರೂ ನನಗ ಧೈರ್ಯ. ಒಂದು ನಿಮಿಷ ಸುಮ್ಮನಾದ್ಲಂದ್ರ ಕಿಟಕಿ ಇಳಸತೇನಿ.