ದೀಪಕ್ಕೆ ಒಂದು ಎಳೆ ಮಾಂಸ

ನಿಮ್ಮ ಮನೆಯ ದೇವರ ದೀಪಕ್ಕೆ ಯಾರಾದರೂ ಕುರಿಮಾಂಸ ತಿನ್ನಿಸಲು ಬಂದಿದ್ದಾರೆಯೇ? ನಮ್ಮಲ್ಲಿಗೆ ಬಂದಿದ್ದರು. ಕಳೆದ ಶನಿವಾರ ಸಂಜೆ, ಅಮೆರಿಕದ ಲಾರೆನ್ಸ್‌ವಿಲ್‌ನ ಈ ಅಪಾರ್ಟ್‌ಮೆಂಟಿಗೆ.

ಬಂದವಳು ಕೆಳಗಿನ ಮನೆಯ ತಾನ್ಯಾ. ಸೈಬೀರಿಯಾದ ಖಕಾಸ್ ಜನರಲ್ಲಿ ಕೊಯ್ಬಾಲ್ ಎಂಬ ಪುಟ್ಟ ಪಂಗಡದವಳು. (ನಾನು ರಷ್ಯನ್ ಅಂತಲೇ ತಿಳಿದಿದ್ದೆ. ಸೋವಿಯತ್ ಒಡೆದ ಮೇಲೆ ಬಂದವರೆಲ್ಲ ನಮಗೆ ರಷ್ಯನ್ನರೇ ಅಲ್ಲವೇ?) ಊರಿನಲ್ಲಿ ಅವಳ ತಾಯಿ ತೀರಿಕೊಂಡಿದ್ದರು. ವೀಸಾ ತೊಡಕು, ಹೋಗಲಾಗಿರಲಿಲ್ಲ.

ಅವರಲ್ಲಿ ಸತ್ತವರ ಎಡೆಯನ್ನು ಬೆಂಕಿಗೆ ಕೊಡುತ್ತಾರೆ. ಬೆಂಕಿ ಉಂಡರೆ ಸತ್ತವರು ಉಂಡಂತೆ. ಆದರೆ ನಮ್ಮ ಬಿಲ್ಡಿಂಗಿನಲ್ಲಿ ಬೆಂಕಿ ಎಲ್ಲಿದೆ? ಎಲ್ಲ ಎಲೆಕ್ಟ್ರಿಕ್ ಸ್ಟವ್. ಪಾಪ, ಅದರ ಮೇಲೂ ಒಂದು ಚೂರು ಇಟ್ಟು ನೋಡಿದ್ದಳಂತೆ. ಸ್ಮೋಕ್ ಅಲಾರ್ಮ್ ಹೊಡೆದುಕೊಂಡಿತು, ಅಷ್ಟೇ. ಆಗ ಅವಳಿಗೆ ನಮ್ಮ ದೀಪ ನೆನಪಾಯಿತು.

"ರೀ, ದೇವರ ದೀಪಕ್ಕೆ ಮಾಂಸಾನಾ? ಬೇಡ ಅನ್ರೀ!" ಹೆಂಡತಿ ವಸುಧಾ ಕನ್ನಡದಲ್ಲೇ ಸಿಡುಕಿದಳು.

ತಾನ್ಯಾಗೆ ಮಾತು ತಿಳಿಯಲಿಲ್ಲ, ಮುಖ ತಿಳಿಯಿತು. ಮಾಂಸದ ಡಬ್ಬಿ ಮುಚ್ಚಿಕೊಂಡು ಬಾಗಿಲ ಕಡೆ ತಿರುಗಿದಳು. "ನನ್ನಮ್ಮ ಹಸಿದಿದ್ದಾಳೆ" ಎಂದಳು, ಇಂಗ್ಲಿಷಿನಲ್ಲಿ.

ವಸುಧಾ ಮೆತ್ತಗಾದಳು. "ಸ್ವಲ್ಪ ನಿಲ್ಲೋಕ್ ಹೇಳಿ" ಎಂದು ಇನ್ನೊಂದು ಹಣತೆಗೆ ತುಪ್ಪ ಹಾಕಿ, ದೇವರ ದೀಪದಿಂದಲೇ ಹಚ್ಚಿ ಬಾಲ್ಕನಿಯಲ್ಲಿಟ್ಟಳು. (ಅಲ್ಲಿ ಬೆಂಕಿ ಹಚ್ಚಬಾರದೆಂದು ಲೀಸಿನಲ್ಲಿದೆ. ಇರಲಿ.)

ತಾನ್ಯಾ ಮಾಂಸದ ಎಳೆಯೊಂದನ್ನು ಉರಿಗೆ ಹಿಡಿದಳು. "ಓತ್ ಇನೆ" ಎಂದಳು. ಬೆಂಕಿತಾಯಿ ಅಂತ ಅರ್ಥವಂತೆ. ಮುಂದೆ ಅಮ್ಮನನ್ನು ಊಟಕ್ಕೆ ಕರೆಯಬೇಕು, ಖಕಾಸ್ ಭಾಷೆಯಲ್ಲಿ. ಮಾತೇ ಬರಲಿಲ್ಲ. ಅವಳು ಓದಿ ಬೆಳೆದದ್ದೆಲ್ಲ ರಷ್ಯನ್ನಿನಲ್ಲಿ. ಎಳೆ ಕರಕಲಾಗಿ ಬೆರಳು ಸುಡುತ್ತಿದ್ದರೂ ಕೈ ತೆಗೆಯಲಿಲ್ಲ. ಕೊನೆಗೆ ರಷ್ಯನ್ನಿನಲ್ಲೇ ಏನೋ ಹೇಳಿ ಅತ್ತುಬಿಟ್ಟಳು. ನೋಡಲಾಗಲಿಲ್ಲ ನನಗೆ.

ಆಮೇಲೆ ಕಾಫಿ ಕುಡಿಯುತ್ತಾ ಅವಳೇ ಹೇಳಿದಳು: "ಖಕಾಸ್ ಕೂಡ ನಮ್ಮ ಮೊದಲ ಭಾಷೆಯಲ್ಲ. ಕೊಯ್ಬಾಲರಿಗೆ ಬೇರೆಯದೇ ಮಾತಿತ್ತು. ನೆರೆಹೊರೆಯ ಖಕಾಸ್ ಮಾತಿನವರಲ್ಲಿ ಬೆರೆತು ಅದು ಹೋಯಿತು. ಈಗ ಆಡುವವರು ಒಬ್ಬರೂ ಇಲ್ಲ."

"ಹೇಗೆ ಹೋಯಿತು?" ಎಂದೆ. (ಎಂಥ ಪ್ರಶ್ನೆ!)

"ಇನ್ನು ಹೇಗೆ? ಅಪ್ಪ-ಅಮ್ಮ ಒಂದು ಭಾಷೆಯಲ್ಲಿ ಕೇಳಿದರೆ ಮಕ್ಕಳು ಇನ್ನೊಂದರಲ್ಲಿ ಉತ್ತರ ಕೊಟ್ಟಿರುತ್ತಾರೆ."

ನಾನು ತಿರುಗಿ ನೋಡಿದೆ. ಎಲ್ಲವನ್ನೂ ನೋಡುತ್ತಾ ಮಗಳು ನಿಧಿ ಪಕ್ಕದಲ್ಲೇ ಕೂತಿದ್ದಳು.

"ಆಂಟಿ ಹೇಳಿದ್ದು ಕೇಳಿಸ್ಕೊಂಡ್ಯಾ, ಪುಟ್ಟಿ?" ಎಂದೆ.

"ಯಾ, ಅಪ್ಪ" ಎಂದಳು. "ವೆನ್ ಯು ಡೈ, ಈಸ್ ಇಂಗ್ಲಿಷ್ ಓಕೆ?"