ಹಾರ್ಮೋನಿಯಂ ಮಾಸ್ತರರ ಒನ್ಸ್ ಮೋರ್

ಅಂಕೋಲೆಯ ದೇವಿದಾಸ ಮಾಸ್ತರರು ಹಗಲಿಗೆ ಬೇಲೆಕೇರಿ ಬಂದರಿನಲ್ಲಿ ಕಾರಕೂನ, ಕತ್ತಲಾದರೆ ನಾಟಕದ ಹಾರ್ಮೋನಿಯಂ. ಹಾಡು ಹಿಡಿಸಿದರೆ ಜನ ‘ಒನ್ಸ್ ಮೋರ್’ ಕೂಗುತ್ತಿದ್ದರು. ಸತ್ತು ಬಿದ್ದ ರಾಜನೂ ಎದ್ದು, ಮತ್ತೆ ಹಾಡಿ, ಮತ್ತೆ ಸಾಯಬೇಕು. ಎಷ್ಟು ರಾಜರನ್ನು ಎಬ್ಬಿಸಿದರೇನು, ಕೂಗೆಲ್ಲ ಹಾಡುವವರ ಪಾಲು. ಬರೀ ಹಾರ್ಮೋನಿಯಂಗೆಂದು ಒಂದೇ ಒಂದು ಒನ್ಸ್ ಮೋರ್ ಬಂದಿರಲಿಲ್ಲ. ಮಾಸ್ತರರಿಗೆ ಅದೊಂದು ಹೊಟ್ಟೆಯುರಿ.

೧೯೮೮ರಲ್ಲಿ ಕಾರವಾರದ ಸಂದೇಶನೆಂಬ ತರುಣ ಗೆಳೆಯರನ್ನು ಕಟ್ಟಿಕೊಂಡು, ಎರವಲು ಕ್ಯಾಮೆರಾದಲ್ಲಿ ಸಿನೆಮಾ ತೆಗೆದ. ಸಂಗೀತಕ್ಕೆ ಮಾಸ್ತರರನ್ನೇ ಹಿಡಿದ.

“ಮಾಸ್ತರ್ರೇ, ಮದುಮಗಳು ದೋಣಿ ಹತ್ತಿ ಹೋಗೂದು. ಹಾಡಿಲ್ಲ, ಮಾತಿಲ್ಲ. ಬರೀ ನಿಮ್ಮ ಪೆಟ್ಟಿಗೆ.”

ಮಾಸ್ತರರು ಕುಣಿಯುವುದೊಂದೇ ಬಾಕಿ. ಬೆರಳು ಕಚೇರಿಯ ಮೇಜಿನ ಮೇಲೆ ಆಡಿತು, ಬಸ್ಸಿನಲ್ಲಿ ಪಕ್ಕದವನ ತೊಡೆಯ ಮೇಲೂ ಆಡಿತು.

“ಉಣ್ಣೂಕೆ ಕೂತ್ರೂ ಅದೇ!” ಎಂದಳು ಹೆಂಡತಿ ಗೋದಾವರಿ. “ಮೀನಿನ ಮುಳ್ಳು ಗಂಟಲಿಗೆ ಹೋದ್ರೆ ಯಾವ ರಾಗ ಬರ್ತದೆ?”

ಸಿನೆಮಾ ತಯಾರಾಗಿ, ಅಂಕೋಲೆಯ ಶಾಲೆಯೊಂದರಲ್ಲಿ ಪರದೆ ಕಟ್ಟಿ ತೋರಿಸಿದರು. ಮದುಮಗಳು ದೋಣಿ ಹತ್ತಿದಳು, ತಾಯಿ ದಂಡೆಯಲ್ಲೇ ಉಳಿದಳು, ಹಾರ್ಮೋನಿಯಂ ಬಿಕ್ಕಿತು. ಅದು ನಿಂತದ್ದೇ ತಡ, ಹೆಂಗಸರ ಸಾಲಿನಿಂದ ಮೀನು ಮಾರುವ ಕಾಮಿ ನಾಟಕದ ರೂಢಿಯಲ್ಲೇ “ಒನ್ಸ್ ಮೋರ್!” ಎಂದಳು. ಸಭೆಯೆಲ್ಲ ದನಿಗೂಡಿಸಿತು.

“ಇದು ಸಿನೆಮಾ ಮಾರಾಯ್ರೆ, ಹಂಗೆಲ್ಲ ಬರೂದಿಲ್ಲ!” ಎಂದು ಸಂದೇಶ ಅಂಗಲಾಚಿದ. ಕೇಳುವವರು ಯಾರು? ಕಡೆಗೆ ಸೋತು, ರೀಲನ್ನು ಪ್ರೊಜೆಕ್ಟರಿನಲ್ಲೇ ಹಿಂದಕ್ಕೆ ಓಡಿಸಿದ. ಗಡಿಬಿಡಿಯಲ್ಲಿ ಅದರ ದೀಪ ಆರಿಸುವುದು ಮರೆತೇಹೋಯಿತು. ಪರದೆಯ ಮೇಲೆ ದೋಣಿ ಹಿಮ್ಮುಖವಾಗಿ ದಡಕ್ಕೆ ಓಡಿ ಬಂತು. ಮದುಮಗಳು ಸರಸರನೆ ಇಳಿದು ತಾಯಿಯ ತೋಳಿಗೆ ಬಿದ್ದಳು.

“ಹುಡ್ಗಿ ತವರಿಗೆ ಬಂತು!” ಎಂದು ಕಾಮಿ ಚಪ್ಪಾಳೆ ತಟ್ಟಿದಳು. ಹೆಂಗಸರು ನಕ್ಕು ನಕ್ಕು ಕಣ್ಣೊರೆಸಿಕೊಂಡರು.

ದೋಣಿ ಮತ್ತೆ ಹೊರಟಿತು, ರಾಗ ಮತ್ತೆ ಎದ್ದಿತು. ಒನ್ಸ್ ಮೋರ್ ಎಂದರೆ ಇಷ್ಟು ವರ್ಷ ಮಾಸ್ತರರ ಬೆರಳಿಗೆ ದುಡಿತ. ಇಂದು ಅವರು ಸುಮ್ಮನೆ ಕೂತು ಕೇಳಿದರು. ಎಷ್ಟು ಚಂದ ಬಂದಿದೆಯಲ್ಲ! ಖುಷಿಗೆ ಅಳುವೇ ಬಂತು. ಸ್ವರ ನಿಂತ ಕೂಡಲೇ ಬೆಂಚು ಉರುಳಿಸಿ ಎದ್ದವರು, ಎಲ್ಲರಿಗಿಂತ ಮೊದಲು “ಒನ್ಸ್ ಮೋರ್!” ಎಂದು ಕಿರುಚಿದರು.

“ಹೋಯ್, ಕೂತ್ಕೊಳ್ಳಿ!” ಹೆಂಗಸರ ಸಾಲಿನಿಂದ ಗೋದಾವರಿ ಕೂಗಿದಳು. “ನಿಮ್ದೇ ಅಲ್ವಾ ಅದು?”

“ನಂದೇ! ಅದ್ಕೇ ಕೂಗೂದು!”