ಅಳಿಸಿದ ಕೈ ವೀರೇಶನದು, ವಾದ ನನ್ನದು

ಹಳೆಯ ಕೀಲಿಯನ್ನು ವೀರೇಶ ಅಳಿಸಿಬಿಟ್ಟ — ನಮ್ಮ ಎಲೆಕ್ಟ್ರಾನಿಕ್ ಸಿಟಿಯ ಆಫೀಸಿನಲ್ಲಿ ಈಗಲೂ ಹೇಳುವ ಕಥೆ ಇದು. ಸುಳ್ಳಲ್ಲ. ಆದರೆ ಯಾಕೆ ಅಳಿಸಿದ ಎಂದು ಯಾರೂ ಕೇಳಲಿಲ್ಲ. ಅಳಿಸುವಂತೆ ಮಾಡಿದ್ದು ನಾನು. ಗೊತ್ತಿಲ್ಲದ್ದನ್ನು ಗೊತ್ತಿದೆ ಎಂದು ವಾದಿಸಿ.

ಪೀಣ್ಯದ ಒಂದು ಫೌಂಡ್ರಿ ತಾನು ಎರಕ ಹೊಯ್ದ ಭಾಗಗಳ ಎಕ್ಸ್-ರೇ ಚಿತ್ರಗಳನ್ನು ನಮ್ಮ ಮೂಲಕ ಕ್ಲೌಡ್‌ನಲ್ಲಿ ಇಡುತ್ತಿತ್ತು. ಮುಂದೆ ಯಾವುದಾದರೂ ಭಾಗ ಬಿರುಕುಬಿಟ್ಟರೆ ತಪ್ಪು ತಮ್ಮದಲ್ಲ ಎನ್ನಲು ಅವರಿಗೆ ಅದೇ ಸಾಕ್ಷಿ. ಚಿತ್ರಗಳನ್ನು ಕೀಲಿಯಿಲ್ಲದೆ ಯಾರೂ ನೋಡಲಾಗದಂತೆ ಎನ್‌ಕ್ರಿಪ್ಟ್ ಮಾಡಿಯೇ ಇಡುತ್ತಿದ್ದೆವು. ತೆರೆಯುವ ಕೀಲಿ — ಒಂದು ಉದ್ದನೆಯ ಅಕ್ಷರಸಾಲು, ಅಷ್ಟೇ — ನಮ್ಮ ಹತ್ತಿರ ಮಾತ್ರ. ಕ್ಲೌಡ್ ಕಂಪನಿಗೂ ಸಿಗದಂತೆ. ಭದ್ರತೆಗೆಂದು ಅದನ್ನು ಬದಲಾಯಿಸಿದೆವು. ಹಳೆಯದನ್ನು ಏನು ಮಾಡುವುದು? ಅಳಿಸಿಬಿಡೋಣ ಎಂದೆ ನಾನು.

ನಮ್ಮ ತಂಡದಲ್ಲಿ ಒಂದು ಪದ್ಧತಿ: ವಾದದಲ್ಲಿ ಸೋತವರೇ ಕೆಲಸ ಮಾಡಬೇಕು. ಕಾಲೇಜಿನ ಚರ್ಚಾಸ್ಪರ್ಧೆಗಳಲ್ಲಿ ಪಳಗಿದ ನನಗೆ ಅದು ಬಲು ಅನುಕೂಲ.

“ಹಳೇ ಫೈಲು ಹಳೇ ಕೀಯಿಂದ್ಲೇ ತೆರೆಯೋದಾದ್ರೆ? ತಡಿ ಗುರು, ಒಂದನ್ನ ತೆಗೆದು ನೋಡೋಣ,” ಅಂದ ವೀರೇಶ.

“ಮನೆ ಬೀಗ ಬದಲಾಯ್ಸಿದ್ಮೇಲೂ ಹಳೇ ಕೀನ ಉಡಿದಾರಕ್ಕೆ ಕಟ್ಕೊಂಡು ತಿರುಗ್ತೀಯಾ ಮಗಾ?” ಅಂದೆ.

ಎಲ್ಲರೂ ನಕ್ಕರು. ನಕ್ಕ ಮೇಲೆ ವಾದ ಮುಗಿದಂತೆ. ಸೋತ ವೀರೇಶನೇ ಕೀಲಿ ಅಳಿಸಿದ. ಅವನ ಪ್ರಶ್ನೆಗೆ ಉತ್ತರ ನನಗೆ ಗೊತ್ತಿರಲಿಲ್ಲ — ಗೊತ್ತಿಲ್ಲ ಎಂಬುದು ಮಾತ್ರ ಚೆನ್ನಾಗಿ ಗೊತ್ತಿತ್ತು. ಒಂದು ಚಿತ್ರ ತೆಗೆದು ನೋಡಲು ಎಷ್ಟು ಹೊತ್ತು? ಆದರೆ ನೋಡಿದರೆ ಸೋಲಬಹುದಿತ್ತು...

ಹೊಸ ಕೀಲಿ ಅನ್ವಯವಾಗಿದ್ದು ಹೊಸ ಚಿತ್ರಗಳಿಗೆ ಮಾತ್ರ. ಹಳೆಯವು ಇಂದಿಗೂ ಅಲ್ಲೇ ಇವೆ. ಒಂದೂ ಕಳೆದಿಲ್ಲ, ಒಂದೂ ತೆರೆಯುವುದಿಲ್ಲ. ಫೌಂಡ್ರಿಯವರು ಬಿರುಕುಬಿಟ್ಟ ಭಾಗವೊಂದರ ಚಿತ್ರ ಕೇಳಿದಾಗಲೇ ಅದು ಬಯಲಾದದ್ದು. ಮ್ಯಾನೇಜರ್ ಮೇಡಂ ಕೇಳಿದ್ದು ಒಂದೇ — ಕೀಲಿ ಅಳಿಸಿದ್ದು ಯಾರು? ತಾನು ಎಂದ ವೀರೇಶ. ಪ್ರಶ್ನೆಗೆ ಸರಿಯಾದ ಉತ್ತರ ಸಿಕ್ಕಿತಲ್ಲ ಎಂದು ನಾನು ಸುಮ್ಮನಿದ್ದೆ. ಅವನ ನೌಕರಿ ಕಾಯಂ ಆಗಲಿಲ್ಲ. ಚಂದಾಪುರದ ರೂಮು ಖಾಲಿ ಮಾಡಿ ಹೋದ. ಸಂದರ್ಶನಕ್ಕೆ ಹೋದಲ್ಲೆಲ್ಲ ಈ ಕಥೆ ಅವನಿಗಿಂತ ಮೊದಲೇ ತಲುಪಿರುತ್ತದಂತೆ.

ಇಷ್ಟನ್ನೂ ಬರೆದು ಮೇಡಂಗೂ ತಂಡದ ಎಲ್ಲರಿಗೂ ಕಳಿಸಿದ್ದೇನೆ. ನನ್ನ ಪರ ಮಂಡಿಸಲು ಏನೂ ಇಲ್ಲ. ಒಂದು ಕುತೂಹಲ ಮಾತ್ರ ಬಿಡುತ್ತಿಲ್ಲ, ವೀರೇಶ — ನನಗೆ ಗೊತ್ತಿಲ್ಲ ಅನ್ನೋದು ನಿನಗೆ ಅವತ್ತೇ ಗೊತ್ತಾಗಿತ್ತಾ? ಗೊತ್ತಾಗಿದ್ದೂ ಅಳಿಸಿದೆಯಾ?